ಕುದುರೆಯ ಮೈ ನಡುಗಿದ್ದು

ಮೊಂತ್ರೆಯ್, ಅಕ್ಟೋಬರ್ 5, 1983

ಪ್ರಿಯ ನೋಲ್ವೆನ್,

ನಮ್ಮ ಕ್ಯಾಮೆರಾದ ಜೋಸಿಯಾನ್ ನಿಮ್ಮ ವಿಳಾಸ ಕೊಡಲಿಲ್ಲ. ನಿಮ್ಮ ತಾಯಿಗೆ ಫೋನ್ ಮಾಡಿ ತೆಗೆದುಕೊಂಡೆ. ತಪ್ಪು ತಿಳಿಯಬೇಡಿ. ಹೆಣ್ಣುಮಗುವಂತೆ, ಚೆನ್ನಾಗಿದೆಯಂತೆ. ಸಂತೋಷ.

ನೇರವಾಗಿ ವಿಷಯಕ್ಕೆ ಬರುತ್ತೇನೆ. ಮೂವತ್ತೊಂದು ವರ್ಷ ನಾನು ಫಿಲ್ಮನ್ನು ಸೂಜಿಯಿಂದ ಗೀರಿದೆ, ಮೇಣದಬತ್ತಿಯಲ್ಲಿ ಸುಟ್ಟೆ, ಮೊಳೆಗಳ ನೆರಳಿಂದ ಮುಖಗಳನ್ನು ಮಾಡಿದೆ. ನೋಡಲು ಬರುತ್ತಿದ್ದವರು ನಲವತ್ತು ಜನ, ಅವರಲ್ಲಿ ಅರ್ಧ ಜನ ನನ್ನ ಪರಿಚಯದವರೇ. ನಾವು ಜೊತೆಗೂಡಿ ಮಾಡಿದ ಮರಳಿನ ಚಿತ್ರ ‘ಒಂಬತ್ತನೆಯ ಕುದುರೆ’ ಬಂದ ಮೇಲೆ ಜನ ಬಾಗಿಲಾಚೆ ನಿಲ್ಲುತ್ತಿದ್ದಾರೆ. ಎಲ್ಲರ ಬಾಯಲ್ಲೂ ಆ ಕೊನೆಯ ನಾಲ್ಕು ನಿಮಿಷದ ಮಾತು. ಕುದುರೆ ಕಡಲಂಚಿಗೆ ಬಂದು ನಿಂತಾಗ ಅದರ ಮೈ ನಡುಗುವುದು.

ಏಪ್ರಿಲ್‌ನಲ್ಲಿ ಗ್ರೆನೋಬ್ಲ್‌ನಲ್ಲಿ ನನ್ನ ಎಲ್ಲ ಚಿತ್ರಗಳನ್ನೂ ತೋರಿಸುತ್ತಾರೆ. ಹಳೆಯವಕ್ಕೆ ಫೆಬ್ರುವರಿ ಕೊನೆಗೆ ಹೊಸ ಪ್ರಿಂಟ್ ತೆಗೆಸುತ್ತೇನೆ. ಹೊಸ ಚಿತ್ರದ ಒಂದು ತುಣುಕನ್ನೂ ತೋರಿಸುವೆನೆಂದು ಮಾತು ಕೊಟ್ಟಿದ್ದೇನೆ. ಅದೇ ಮರಳು, ಅದನ್ನು ಹರವಿ ಬರೆಯುವ ಅದೇ ಬೆಳಕಿನ ಮೇಜು, ಅದೇ ಕ್ಯಾಮೆರಾ. ಆದರೆ ಆ ನಡುಕ ಬರುತ್ತಿಲ್ಲ. ಮೇಜಿನ ಕೆಳಗೆ ಮೋಟಾರು ಇಟ್ಟೆ. ಕುದುರೆಗೆ ಜ್ವರ ಬಂದ ಹಾಗೆ ಕಾಣಿಸಿತು.

ಆ ನಾಲ್ಕು ನಿಮಿಷ ಮಾಡಿದ್ದು ನಿಮ್ಮ ಕೈ. ಅದು ಏನು ಮಾಡಿತೆಂದು ನೆನಪು ಮಾಡಿಕೊಂಡು ಬರೆಯುವಿರಾ?

ವಿಶ್ವಾಸವಿರಲಿ,
ಆರ್ಮಾಂ ಬೆಲ್‌ಕೂರ್

*

ಸ್ಯಾಂ-ನಜೇರ್, ಅಕ್ಟೋಬರ್ 11

ಜೋಸಿಯಾನ್,

ಅವರ ಪತ್ರದ ನಕಲು ಇದರ ಜೊತೆಗಿದೆ. ಓದುವ ಮುಂಚೆ ಕಾಫಿ ಕೆಳಗಿಡು.

‘ನೀವು’ ಅಂತೆ. ಮೂರು ವರ್ಷ ‘ಏಯ್ ಪುಟ್ಟಿ, ದೀಪ ಸರಿಮಾಡು’, ‘ಏಯ್ ಪುಟ್ಟಿ, ಉಸಿರು ಬಿಡಬೇಡ’. ಈಗ ನೀವು. ‘ನಾವು ಜೊತೆಗೂಡಿ ಮಾಡಿದ’ ಅಂತ ಬೇರೆ. ಆ ಸಾಲನ್ನು ಆರು ಸಲ ಓದಿದೆ. ಟೀವಿಯಲ್ಲಿ ಕೂತು ಬೇರೆಯದೇ ಹೇಳಿದರಲ್ಲ? ‘ಆ ನಡುಕ ನನ್ನ ಮೂವತ್ತು ವರ್ಷದ ಯೋಚನೆಯ ಫಲ’ ಅಂತ. ಆಮೇಲೆ ಚಿತ್ರ ಹಾಕಿದರು. ನನ್ನ ಗಂಡ ಜಿಲ್ದಾ ಬಂದರಿನಿಂದ ಬಂದವನು ಬೂಟು ಕೂಡ ಬಿಚ್ಚದೆ ನಿಂತು ನೋಡಿದ. ಕೊನೆಗೆ ಹೆಸರುಗಳು ಬಂದವು. ಚಿತ್ರ, ಅನಿಮೇಷನ್, ಸಂಕಲನ ಎಲ್ಲದರ ಎದುರೂ ಆರ್ಮಾಂ ಬೆಲ್‌ಕೂರ್. ‘ನಿಂದು ಯಾವಾಗ ಬರುತ್ತೆ?’ ಅಂದ ಜಿಲ್ದಾ. ಆಗಲೇ ಹವಾಮಾನ ವಾರ್ತೆ ಶುರುವಾಗಿತ್ತು.

ಅದು ಬರೀ ಹೊಟ್ಟೆಉರಿ ಅಂದುಕೊಳ್ಳಬೇಡ. ಕಳೆದ ತಿಂಗಳು ರೆನ್‌ನ ಕಲಾಶಾಲೆಯಲ್ಲಿ ಪಾಠ ಹೇಳುವ ಕೆಲಸಕ್ಕೆ ಹೋಗಿದ್ದೆ. ‘ಏನು ಮಾಡಿದ್ದೀರಿ?’ ಅಂದರು. ಹೇಳಿದೆ. ಎದುರಿಗಿದ್ದ ಹೆಂಗಸು ಚಿತ್ರದ ಹೆಸರುಪಟ್ಟಿಯ ಕಾಗದ ತೆಗೆದು ಬೆರಳಿಟ್ಟು ಹುಡುಕಿದಳು. ‘ಇಲ್ಲವಲ್ಲ ಮದಾಂ’ ಅಂದಳು, ಮೆತ್ತಗೆ, ಸುಳ್ಳುಗಾತಿಗೆ ಮರ್ಯಾದೆ ಉಳಿಸುವವರ ದನಿಯಲ್ಲಿ.

ಆ ನಡುಕ ಎಲ್ಲಿಂದ ಬಂತು ಅಂತ ಗೊತ್ತಿರುವುದು ಇಬ್ಬರಿಗೆ. ನೀನು ಕ್ಯಾಮೆರಾ ಗುಂಡಿ ಒತ್ತುವಾಗಲೆಲ್ಲ ನಾನು ಉಸಿರು ಕಟ್ಟುತ್ತಿದ್ದೆ, ಮರಳು ಅಲುಗಬಾರದು ಅಂತ. ಆದರೆ ಏಳನೇ ತಿಂಗಳು, ಮೇಜು ಸಣ್ಣದು, ಹೊಟ್ಟೆ ಅಂಚಿಗೆ ಒತ್ತಿಕೊಳ್ಳುತ್ತಿತ್ತು. ಒಳಗಿಂದ ಎನೋರಾ ಒದೆಯುತ್ತಿದ್ದಳು. ಒಂದೊಂದು ಚಿತ್ರದಲ್ಲೂ ಮರಳು ಎಳ್ಳಷ್ಟು ಜಾರಿತು. ಸೆಕೆಂಡಿಗೆ ಇಪ್ಪತ್ತನಾಲ್ಕು ಚಿತ್ರ, ನಾಲ್ಕು ನಿಮಿಷ. ತೊಳೆದು ಬಂದ ಫಿಲ್ಮ್ ನೋಡಿ ಅವರು ಏನಂದರು ನೆನಪಿದೆಯಾ? ‘ಹಾಳಾಯ್ತು. ಹೊಟ್ಟೆ ಹೊತ್ತವಳ ಕೈ ನಿಲ್ಲೋದಿಲ್ಲ. ಕತ್ತಲೆ ಕೋಣೆ ಹೆರಿಗೆ ವಾರ್ಡಲ್ಲ, ನಾಳೆಯಿಂದ ಬರಬೇಡ.’ ಮತ್ತೆ ತೆಗೆಯಲು ಸಮಯವಿಲ್ಲದೆ ಹಾಗೇ ಬಿಟ್ಟರು. ಇನ್ನೂ ಕೈಯೇ ನಡುಗಿತ್ತು ಅಂದುಕೊಂಡಿದ್ದಾರೆ.

ನನಗೆ ಬೇಕಾದ್ದು ಒಂದೇ. ಫೆಬ್ರುವರಿಯ ಹೊಸ ಪ್ರಿಂಟಿನಲ್ಲಿ ‘ಅನಿಮೇಷನ್’ ಅನ್ನುವ ಪದದ ಎದುರು ನನ್ನ ಹೆಸರು. ಅದು ಸಿಗುವ ತನಕ ಅವರನ್ನು ಕುಣಿಸುತ್ತೇನೆ. ನೀನು ಬಾಯಿಬಿಡಬೇಡ.

ಮಗುವಿಗೆ ಹಲ್ಲು ಬರುತ್ತಿದೆ. ಹನ್ನೊಂದು ತಿಂಗಳಿಂದ ನಾನು ಎರಡು ಗಂಟೆ ಒಟ್ಟಿಗೆ ಮಲಗಿಲ್ಲ. ಅವಳು ಮಲಗಿದರೆ ಉಸಿರಾಡುತ್ತಿದ್ದಾಳೋ ಇಲ್ಲವೋ ಅಂತ ಎಣಿಸುತ್ತಾ ಕೂರುತ್ತೇನೆ, ಇಪ್ಪತ್ತನಾಲ್ಕರವರೆಗೆ, ಮತ್ತೆ ಒಂದರಿಂದ. ನಿದ್ದೆ ಇಲ್ಲದವರಿಗೆ ಸೇಡಿನ ಯೋಚನೆ ಎಷ್ಟು ಚೆನ್ನಾಗಿ ಬರುತ್ತೆ ಅಂತ ನನಗೆ ಗೊತ್ತಿರಲಿಲ್ಲ.

ನಿನ್ನ,
ನೋಲ್ವೆನ್

*

ಸ್ಯಾಂ-ನಜೇರ್, ಅಕ್ಟೋಬರ್ 14

ಮೊಸ್ಯು ಬೆಲ್‌ಕೂರ್,

ನಿಮ್ಮ ಪತ್ರ ನೋಡಿ ಹಳೆಯದೆಲ್ಲ ಕಣ್ಣಿಗೆ ಕಟ್ಟಿತು.

ನಡುಕ ಕೈಯದಲ್ಲ, ಮರಳಿನದು. ನಿಮಗೆ ಹೇಳದೆ ನಾನು ಮರಳನ್ನು ಬದಲಾಯಿಸಿದ್ದೆ, ಕ್ಷಮಿಸಿ. ನಮ್ಮ ಕಡೆಯ ಕಡಲ ಮರಳು, ನೀರು ತೀರಾ ಇಳಿದಾಗ ತೆಗೆದದ್ದು. ಅದನ್ನು ಹೆಂಗಸರ ರೇಷ್ಮೆ ಕಾಲುಚೀಲದಲ್ಲಿ ಏಳು ಸಲ ಜರಡಿ ಹಿಡಿಯಬೇಕು. ನೈಲಾನ್ ಆಗದು, ಹಾಕಿಕೊಳ್ಳದ ಹೊಸ ಚೀಲವೂ ಆಗದು. ಆಮೇಲೆ ಓವನ್ನಿನಲ್ಲಿ ಸಣ್ಣ ಉರಿಯಲ್ಲಿ ಆರು ಗಂಟೆ. ಕೆಲಸ ಮಾಡುವಷ್ಟು ದಿನ ಬೆಳ್ಳುಳ್ಳಿ, ಈರುಳ್ಳಿ ಮುಟ್ಟಬಾರದು. ಆ ಉಸಿರಿನ ಜಿಡ್ಡು ಮರಳಿಗೆ ಹಿಡಿಯುತ್ತದೆ.

ಏನಾಯಿತೆಂದು ತಿಳಿಸಿ. ಹೊಸ ಪ್ರಿಂಟಿನ ಹೆಸರುಗಳ ವಿಷಯವನ್ನೂ ಆಗ ಮಾತಾಡೋಣ.

ನೋಲ್ವೆನ್ ಲೆ ತಾಲೆಕ್

*

ಮೊಂತ್ರೆಯ್, ನವೆಂಬರ್ 29

ಹುಡುಗಿ,

ನಿನಗೆ ಪುಣ್ಯ ಸಿಗೋದಿಲ್ಲ, ಆದರೆ ನನಗೆ ಇಪ್ಪತ್ತು ವರ್ಷದಲ್ಲಿ ಇಷ್ಟು ಖುಷಿಯ ತಿಂಗಳು ಸಿಕ್ಕಿಲ್ಲ.

ಮುದುಕ ರೈಲು ಹತ್ತಿ ನಿಮ್ಮ ಬ್ರಿಟನಿ ಕಡಲತೀರಕ್ಕೆ ಹೋಗಿ ಮೂರು ಬಕೆಟ್ ಮರಳು ತಂದ. ಕಾಲುಚೀಲಕ್ಕೆ ನನ್ನನ್ನೇ ಕೇಳಿದ. ‘ಜೋಸಿಯಾನ್, ನೀವು ಹಾಕಿಕೊಂಡದ್ದು ಒಂದು ಜೊತೆ ಇದ್ದರೆ...’ ಅಂತ ಕೆಂಪಾಗಿ ನಿಂತ. ‘ನನಗೆ ಐವತ್ತಮೂರು ಮೊಸ್ಯು, ನಾನು ಉಣ್ಣೆಯದು ಹಾಕೋದು’ ಅಂದೆ. ಕೊನೆಗೆ ಪಕ್ಕದ ಬೇಕರಿಯವಳನ್ನು ಕೇಳಿದನಂತೆ. ಈಗ ಅವಳು ಅವನಿಗೆ ಬ್ರೆಡ್ಡನ್ನು ಗಲ್ಲಾದಾಚೆಯಿಂದ ಚಾಚಿ ಕೊಡುತ್ತಾಳೆ, ಹತ್ತಿರ ಬರೋದಿಲ್ಲ.

ನಡುಕ ಬರಲಿಲ್ಲ ಅಂತ ಅವನು ನಿನಗೆ ಬರೆದ ಮೇಲೆ ನೀನು ಬರಿಗಾಲಲ್ಲಿ ನಿಲ್ಲಬೇಕು ಅಂದೆಯಲ್ಲ, ನೆಲದ ತಂಪು ಮೈಗೆ ಏರಬೇಕು ಅಂತ? ನಿಂತ. ಹತ್ತು ದಿನ. ಈಗ ಕೆಮ್ಮುತ್ತಾ ಮಲಗಿದ್ದಾನೆ. ಕುದುರೆ ಮಾತ್ರ ಕಲ್ಲಿನ ಹಾಗೆ ನಿಂತಿದೆ. ನಾನು ಗುಂಡಿ ಒತ್ತುತ್ತೇನೆ, ಮುಖ ಗಂಭೀರ ಇಟ್ಟುಕೊಂಡಿರುತ್ತೇನೆ, ಮನೆಗೆ ಹೋಗಿ ನಗುತ್ತೇನೆ.

ಒಂದು ಮಾತು ಹೇಳಲೇಬೇಕು. ಮೊನ್ನೆ ಬೆರಳು ನೋವು ಅಂತ ಕೈ ನೀವಿಕೊಳ್ಳುತ್ತಾ ಕೂತಿದ್ದ. ‘ನನ್ನಿಂದ ಆಗದ್ದು ಆ ಹುಡುಗಿಯಿಂದ ಆಯಿತಲ್ಲ’ ಅಂದ. ಯಾರಿಗೂ ಹೇಳಿದ್ದಲ್ಲ, ಮೇಜಿಗೆ ಹೇಳಿದ್ದು. ಕೇಳಿಸಿಕೊಂಡವಳು ನಾನು. ನಿನಗೆ ಬೇಕೋ ಬೇಡವೋ ಗೊತ್ತಿಲ್ಲ, ಬರೆದಿದ್ದೇನೆ.

ಕೂಸಿಗೆ ಮುತ್ತು.
ಜೋಸಿಯಾನ್

*

ಸ್ಯಾಂ-ನಜೇರ್, ಡಿಸೆಂಬರ್ 6

ಜೋಸಿಯಾನ್,

ಬೇಡ. ಅಂಥದ್ದನ್ನು ಬರೆಯಬೇಡ. ಮೇಜಿಗೆ ಹೇಳಿದರೆ ರೆನ್‌ನ ಹೆಂಗಸಿಗೆ ಕೇಳಿಸೋದಿಲ್ಲ. ಅದನ್ನೇ ಟೀವಿಯಲ್ಲಿ ಹೇಳಲಿ.

ಅವರ ಕೆಮ್ಮಿನ ಸುದ್ದಿ ಓದಿ ನನಗೆ ಏನೂ ಅನ್ನಿಸಲಿಲ್ಲ. ಆಮೇಲೆ ಎನೋರಾಗೆ ಕೆಮ್ಮು ಬಂತು, ಮೂರು ದಿನ ನನ್ನ ಪಾಪವೇ ಅಂದುಕೊಂಡು ಅವಳ ಎದೆಗೆ ಕಿವಿಯಿಟ್ಟುಕೊಂಡು ಕೂತಿದ್ದೆ. ಡಾಕ್ಟರು ‘ಬರೀ ನೆಗಡಿ ಮದಾಂ, ನೀವು ಮೊದಲು ನಿದ್ದೆ ಮಾಡಿ’ ಅಂದರು. ಎಲ್ಲರೂ ಅದನ್ನೇ ಹೇಳುತ್ತಾರೆ, ಅದು ಅಂಗಡಿಯಲ್ಲಿ ಸಿಗುತ್ತೆ ಅನ್ನುವ ಹಾಗೆ. ಅವಳ ಕೆಮ್ಮು ಹೋದ ಕೂಡಲೇ ಅವರಿಗೆ ಇನ್ನೊಂದು ಉಪಾಯ ಬರೆದೆ. ಎಡಗೈ ಉಗುರು ಬೆಳೆಸಬೇಕು ಅಂತ.

ನೋಲ್ವೆನ್

*

ಮೊಂತ್ರೆಯ್, ಜನವರಿ 12, 1984

ಪ್ರಿಯ ನೋಲ್ವೆನ್,

ಉಗುರು ಬೆಳೆಸಿದೆ. ಫಲವಿಲ್ಲ.

ನೀವು ಏನನ್ನೋ ಮುಚ್ಚಿಡುತ್ತಿದ್ದೀರಿ. ಕೋಪವಿದ್ದರೆ ಅದು ನ್ಯಾಯವೇ ಇರಬಹುದು. ಹಾಗಾಗಿ ಹೊಸ ಪ್ರಿಂಟಿನ ಕೊನೆಗೆ ಒಂದು ಸಾಲು ಸೇರಿಸಲು ಸಿದ್ಧನಿದ್ದೇನೆ. ‘ಕೃತಜ್ಞತೆಗಳು’ ಎಂಬಲ್ಲಿ ನಿಮ್ಮ ಹೆಸರು. ದೀಪ ಎರವಲು ಕೊಟ್ಟ ಫೋಟೋ ಅಂಗಡಿ ಮತ್ತು ನನ್ನ ತಂಗಿಯ ಹೆಸರಿನ ಜೊತೆಗೆ. ಇದಕ್ಕಿಂತ ಹೆಚ್ಚು ಕೇಳುವುದು ಚಿತ್ರಕ್ಕೆ ಒಳ್ಳೆಯದಲ್ಲ. ಜನ ಒಬ್ಬನ ಕೈಯನ್ನು ನೋಡಲು ಬರುತ್ತಾರೆ, ಎರಡು ಕೈ ಎಂದರೆ ಗೊಂದಲಪಡುತ್ತಾರೆ.

ಆರ್ಮಾಂ ಬೆಲ್‌ಕೂರ್

*

ಸ್ಯಾಂ-ನಜೇರ್, ಜನವರಿ 16

ಮೊಸ್ಯು ಬೆಲ್‌ಕೂರ್,

ಫೋಟೋ ಅಂಗಡಿಗೆ ನನ್ನ ನಮಸ್ಕಾರ ಹೇಳಿ.

ಹೌದು, ಮುಚ್ಚಿಟ್ಟಿದ್ದೇನೆ. ಕಾಲುಚೀಲವೂ ಸುಳ್ಳು, ಬೆಳ್ಳುಳ್ಳಿಯೂ ಸುಳ್ಳು, ಬರಿಗಾಲೂ ಸುಳ್ಳು. ಇನ್ನು ಮೇಲೆ ಬೇಕಾದ್ದು ತಿನ್ನಿ. ನಿಜ ಗೊತ್ತಿರುವುದು ನನಗೆ. ‘ಅನಿಮೇಷನ್’ ಅನ್ನುವ ಪದದ ಎದುರು ನಿಮ್ಮ ಹೆಸರಿನ ಪಕ್ಕ ನನ್ನ ಹೆಸರು ಬಂದ ಪ್ರಿಂಟಿನ ತುಂಡು ನನ್ನ ಕೈಗೆ ಬರಲಿ. ಬಂದ ದಿನವೇ ನಿಜ ಬರೆಯುತ್ತೇನೆ. ಬರದಿದ್ದರೆ ಗ್ರೆನೋಬ್ಲ್‌ನಲ್ಲಿ ನಿಮ್ಮ ಕಲ್ಲುಕುದುರೆ ತೋರಿಸಿ.

ಇದು ಮಗುವಿನ ಮೇಲಿನ ಆಣೆ. ನಾನು ಈಗ ಅದರ ಮೇಲೆ ಸುಳ್ಳಾಣೆ ಇಡುವವಳಲ್ಲ.

ಮದಾಂ ಕೆರ್ವಾದೆಕ್
(ಅಂಚೆಯವನು ಹೊಸಬ. ಲಕೋಟೆ ಮೇಲೆ ಗಂಡನ ಮನೆಯ ಈ ಹೆಸರಿಲ್ಲದಿದ್ದರೆ ಪತ್ರ ವಾಪಸು ಕಳಿಸುತ್ತಾನೆ.)

*

ಮೊಂತ್ರೆಯ್, ಮಾರ್ಚ್ 1

ಹುಡುಗಿ,

ಕೂತುಕೊಂಡು ಓದು.

ಪ್ರಿಂಟ್ ಬಂತು. ತುಂಡು ಕತ್ತರಿಸಿ ಜೊತೆಗೆ ಇಟ್ಟಿದ್ದೇನೆ, ಕಿಟಕಿಗೆ ಹಿಡಿದು ನೋಡು. ‘ಅನಿಮೇಷನ್’ ಅಂತಿದೆ. ಅವನ ಹೆಸರಿದೆ. ಪಕ್ಕದಲ್ಲಿ ‘ಮತ್ತು ಮದಾಂ ಜಿಲ್ದಾ ಕೆರ್ವಾದೆಕ್’ ಅಂತಿದೆ.

ನಾನು ಕೂಗಾಡಿದೆ. ‘ಜಿಲ್ದಾ ಅವಳ ಗಂಡ, ಹಡಗಿಗೆ ಬೆಸುಗೆ ಹಾಕುವವನು’ ಅಂದೆ. ‘ಮದುವೆಯಾದ ಹೆಂಗಸನ್ನು ಮರ್ಯಾದೆಯಿಂದ ಹಾಗೇ ಕರೆಯೋದು, ನನ್ನ ತಾಯಿಯ ಸಮಾಧಿಯ ಮೇಲೂ ಅಪ್ಪನ ಹೆಸರೇ ಇದೆ’ ಅಂದ. ಬೇಕಂತ ಮಾಡಿದ್ದಲ್ಲ, ಕಣೆ. ಅದೇ ನನಗೆ ಹೊಟ್ಟೆ ಉರಿಸಿದ್ದು. ಬೇಕಂತ ಮಾಡಿದ್ದರೆ ಹೊಡೆಯಬಹುದಿತ್ತು. ಹೆಸರುಗಳ ಕಾರ್ಡನ್ನು ತಾನೇ ಕೈಯಿಂದ ಬರೆದಿದ್ದಾನೆ, ಎರಡು ದಿನ ಕೂತು, ಅಕ್ಷರ ಒಂದೊಂದನ್ನೂ ಚೆಂದ ಮಾಡಿ. ಇನ್ನು ತಿದ್ದೋಕೆ ಆಗೋದಿಲ್ಲ, ಗ್ರೆನೋಬ್ಲ್‌ಗೆ ಫಿಲ್ಮಿನ ಡಬ್ಬಿ ಹೋಗಿಯಾಯಿತು.

ಜೋಸಿಯಾನ್

*

ಸ್ಯಾಂ-ನಜೇರ್, ಮಾರ್ಚ್ 5

ಆರ್ಮಾಂ ಬೆಲ್‌ಕೂರ್,

ಆಣೆ ಇಟ್ಟಿದ್ದೇನೆ, ಅದಕ್ಕೆ ಬರೆಯುತ್ತಿದ್ದೇನೆ. ಇನ್ನು ‘ನೀವು’ ಅನ್ನಲು ನನ್ನಿಂದಾಗದು.

ನನ್ನ ಗಂಡ ಇಡೀ ಬಂದರಿನಲ್ಲಿ ತಮಾಷೆಯ ವಸ್ತುವಾಗಿದ್ದಾನೆ. ಪಾಪ, ಹೆಮ್ಮೆಯಿಂದ ಆ ತುಂಡನ್ನು ಜೇಬಲ್ಲಿಟ್ಟುಕೊಂಡು ಹೋಗಿ ತೋರಿಸಿದ. ‘ಮದಾಂ ಜಿಲ್ದಾ, ನಿನ್ನ ಕುದುರೆಗೆ ಹುಲ್ಲು ಹಾಕಿದೆಯಾ?’ ಅಂತ ಕ್ರೇನಿನ ಮೇಲಿಂದ ಕೂಗುತ್ತಾರಂತೆ. ಅವನು ಮನೆಗೆ ಬಂದು ನಕ್ಕ. ನಾನು ನಗಲಿಲ್ಲ. ರೆನ್‌ನ ಹೆಂಗಸು ಮತ್ತೆ ಬೆರಳಿಟ್ಟು ಹುಡುಕಿದರೆ ಅವಳಿಗೆ ಸಿಗುವುದು ಒಬ್ಬ ಬೆಸುಗೆಯವನು.

ಇಗೋ ನಿನ್ನ ನಿಜ. ಆ ನಡುಕ ನಿನ್ನದಲ್ಲ, ನನ್ನದೂ ಅಲ್ಲ. ನನ್ನ ಏಳು ತಿಂಗಳ ಹೊಟ್ಟೆ ಮೇಜಿನ ಅಂಚಿಗೆ ಒತ್ತಿಕೊಂಡಿತ್ತು. ಒಳಗಿಂದ ಮಗು ಒದೆಯುತ್ತಿತ್ತು. ನಿನ್ನ ಮೂವತ್ತು ವರ್ಷದ ಯೋಚನೆ ಅಂದರೆ ನನ್ನ ಮಗಳ ಹಿಮ್ಮಡಿ. ನೀನು ಆ ಫಿಲ್ಮ್ ನೋಡಿ ‘ಹಾಳಾಯ್ತು’ ಅಂದೆ. ಯಾವ ಹೊಟ್ಟೆ ಕತ್ತಲೆ ಕೋಣೆಗೆ ಹೊಂದೋದಿಲ್ಲ ಅಂತ ಹೊರಗೆ ಹಾಕಿದೆಯೋ ಅದರಿಂದಲೇ ನಿನಗೆ ಈಗ ಸಭೆಗಳಲ್ಲಿ ಹೂಗುಚ್ಛ ಸಿಗುತ್ತಿದೆ.

ಈಗ ಮಾಡು ನೋಡೋಣ. ಮರಳಿದೆ, ಮೇಜಿದೆ, ಉಗುರಿದೆ. ಬಸುರಾಗು.

ನೋಲ್ವೆನ್ ಲೆ ತಾಲೆಕ್

*

ಮೊಂತ್ರೆಯ್, ಮಾರ್ಚ್ 21

ಪ್ರಿಯ ನೋಲ್ವೆನ್,

ನಿಮ್ಮ ಪತ್ರ ಓದಿ ಒಂದು ದಿನ ಕೆಲಸ ನಿಲ್ಲಿಸಿದೆ. ಬೈಗುಳಕ್ಕಲ್ಲ. ಅದಕ್ಕೆ ನಾನು ಅರ್ಹನೇ. ಎಷ್ಟು ಸರಳ ಎಂಬುದಕ್ಕೆ. ಕುದುರೆಯ ಮೈಯಲ್ಲಿ ಇನ್ನೊಂದು ಜೀವ ಇತ್ತು ಎಂದು ಒಬ್ಬ ವಿಮರ್ಶಕ ಬರೆದಿದ್ದ. ಅತಿಯಾಯಿತೆಂದು ನಾನು ನಕ್ಕಿದ್ದೆ.

ಗ್ರೆನೋಬ್ಲ್‌ನವರಿಂದ ಹೊಸ ತುಣುಕಿಗೆ ಶರತ್ಕಾಲದವರೆಗೆ ಸಮಯ ಕೇಳಿ ಪಡೆದಿದ್ದೇನೆ. ಇಲ್ಲಿನ ಕಲಾಶಾಲೆಗೆ ಹೇಳಿಕಳಿಸಿ ವಿಚಾರಿಸಿದೆ. ಸಬೀನ್ ಲೊರಾ ಎಂಬ ಹುಡುಗಿ ಸಿಕ್ಕಳು, ಒಳ್ಳೆಯ ಕೈ, ಐದನೆಯ ತಿಂಗಳು. ಮುಂದಿನ ಸೋಮವಾರದಿಂದ ಬರುತ್ತಾಳೆ. ಈಗ ಮರಳಿನ ಅಭ್ಯಾಸ, ಮೇ ತಿಂಗಳಲ್ಲಿ ಕುದುರೆ. ಮೇಜನ್ನು ಇನ್ನೂ ನಾಲ್ಕು ಬೆರಳು ತಗ್ಗಿಸಿದ್ದೇನೆ, ಅಂಚು ಸರಿಯಾದ ಜಾಗಕ್ಕೆ ತಾಗಲಿ ಎಂದು. ಅವಳಿಗೆ ಕಾರಣ ಹೇಳಿಲ್ಲ. ಗೊತ್ತಾದರೆ ಸಹಜತೆ ಹೋಗುತ್ತದೆ.

ನಿಮಗೆ ನನ್ನ ಧನ್ಯವಾದ. ಇದು ನೀವು ಕೊಟ್ಟದ್ದೆಂದು ನಾನು ಮರೆಯುವುದಿಲ್ಲ.

ಆರ್ಮಾಂ ಬೆಲ್‌ಕೂರ್

*

ಸ್ಯಾಂ-ನಜೇರ್, ಏಪ್ರಿಲ್ 2

ಸಬೀನ್,

ನೀನು ನನ್ನನ್ನು ನೋಡಿಲ್ಲ. ಈ ಪತ್ರವನ್ನು ಜೋಸಿಯಾನ್ ನಿನಗೆ ಊಟದ ಹೊತ್ತಿನಲ್ಲಿ ಕೊಡುತ್ತಾಳೆ. ಮೊಸ್ಯು ಬೆಲ್‌ಕೂರ್ ಬ್ರೆಡ್ಡು ತರಲು ಹೋದಾಗ ಓದಿ ಅವಳಿಗೇ ವಾಪಸು ಕೊಡು.

ನೀನೀಗ ಕೂರುವ ಕುರ್ಚಿಯಲ್ಲಿ ನಾನು ಮೂರು ವರ್ಷ ಕೂತಿದ್ದೆ. ‘ಒಂಬತ್ತನೆಯ ಕುದುರೆ’ಯ ಕೊನೆಯ ನಾಲ್ಕು ನಿಮಿಷ ನಾನು ಮಾಡಿದ್ದು. ಅದರಲ್ಲಿ ನನ್ನ ಹೆಸರು ಹುಡುಕಬೇಡ, ಸಿಗೋದಿಲ್ಲ. ನಿನ್ನನ್ನು ಯಾಕೆ ಆರಿಸಿದರು ಅಂತ ನಿನಗೆ ಹೇಳಿಲ್ಲ, ನಾನು ಹೇಳುತ್ತೇನೆ. ನಿನ್ನ ಹೊಟ್ಟೆಗಾಗಿ. ಏಳನೆಯ ತಿಂಗಳಲ್ಲಿ ಅದು ಮೇಜಿಗೆ ತಾಗಿ, ಮಗು ಒದ್ದು, ಮರಳು ನಡುಗಬೇಕು ಅಂತ. ಮೇಜು ಯಾಕಿಷ್ಟು ತಗ್ಗು ಅಂತ ನಿನಗೆ ಅನ್ನಿಸಿರಬಹುದು.

ಅವರಿಗೆ ಇದನ್ನು ಹೇಳಿಕೊಟ್ಟವಳು ನಾನೇ. ಚುಚ್ಚಬೇಕು ಅಂತ ಬರೆದೆ. ಚುಚ್ಚಿತು ಅಂದುಕೊಂಡು ಅವತ್ತು ಮಧ್ಯಾಹ್ನ ಮಗಳ ಪಕ್ಕದಲ್ಲಿ ಎರಡು ಗಂಟೆ ಸತ್ತಂತೆ ಮಲಗಿದ್ದೆ, ಒಂದೂವರೆ ವರ್ಷದಲ್ಲಿ ಮೊದಲ ಸಲ. ಅವರಿಗೆ ಅದು ಚುಚ್ಚಲಿಲ್ಲ, ಕೆಲಸಕ್ಕೆ ಬಂತು. ಅಂಥವರು ಅವರು. ಕೆಟ್ಟವರಲ್ಲ, ಕೈಗೆ ಸಿಕ್ಕಿದ್ದನ್ನೆಲ್ಲ ಚಿತ್ರ ಮಾಡಿಬಿಡುತ್ತಾರೆ.

ಬಿಟ್ಟು ಹೋಗು ಅನ್ನುವುದಿಲ್ಲ. ಮರಳಿನ ಕೆಲಸ ಅವರಷ್ಟು ಚೆನ್ನಾಗಿ ಕಲಿಸುವವರು ಈ ದೇಶದಲ್ಲಿ ಇನ್ನೊಬ್ಬರಿಲ್ಲ. ಕಲಿ. ದೀಪ ಕಣ್ಣಿಗೆ ಹೊಡೆದರೆ ಎದ್ದು ಹೋಗು, ಕಾಲು ಬಾತರೆ ಮನೆಗೆ ಹೋಗು, ನಿನ್ನ ಡಾಕ್ಟರು ಒಂದು ಮಾತು ಹೇಳಿದರೆ ಅವರು ನೂರು ಹೇಳಿದರೂ ಕೇಳಬೇಡ. ನಾನು ಕೇಳಿದ್ದೆ. ಎನೋರಾ ಮೂರು ವಾರ ಮುಂಚೆ ಹುಟ್ಟಿದಳು. ಅದಕ್ಕೂ ಇದಕ್ಕೂ ಸಂಬಂಧವಿಲ್ಲ ಅಂತ ಎಲ್ಲರೂ ಹೇಳುತ್ತಾರೆ, ನಾನೂ ಹಗಲು ಹೊತ್ತು ನಂಬುತ್ತೇನೆ.

ಈಗ ಮುಖ್ಯವಾದದ್ದು. ಮೇ ತಿಂಗಳಲ್ಲಿ ಕುದುರೆ ಶುರುವಾಗುವ ಮುಂಚೆ ಒಂದು ಕಾಗದ ಕೇಳು. ಅದರಲ್ಲಿ ‘ಅನಿಮೇಷನ್: ಸಬೀನ್ ಲೊರಾ’ ಅಂತಿರಬೇಕು. ನಿನ್ನ ಮನೆಯವನ ಹೆಸರಲ್ಲ, ಮದಾಂ ಇಂಥವರು ಅಂತಲ್ಲ, ಹುಟ್ಟಿದಾಗಿಂದ ಇರುವ ಹೆಸರು. ಕೆಳಗೆ ಅವರ ಸಹಿ, ಸಾಕ್ಷಿಗೆ ಜೋಸಿಯಾನ್ ಸಹಿ. ‘ಆಮೇಲೆ ನೋಡೋಣ ಪುಟ್ಟಿ’ ಅನ್ನುತ್ತಾರೆ. ತುಂಬಾ ಪ್ರೀತಿಯಿಂದ ಅನ್ನುತ್ತಾರೆ. ನಗುತ್ತಾ ಹೂಂ ಅನ್ನು, ಜಗಳ ಆಡಬೇಡ.

ಕಾಗದ ಸಿಕ್ಕಿದರೆ ಹೊಟ್ಟೆಯನ್ನು ಮೇಜಿಗೆ ತಾಗಿಸಿಕೊಂಡು ಕೂರಬೇಕೋ ಬೇಡವೋ ಅನ್ನುವುದು ನಿನಗೆ ಬಿಟ್ಟಿದ್ದು. ಅದು ನಿನ್ನ ಮಗು, ನಿನ್ನ ಚಿತ್ರ.

ಸಿಗದಿದ್ದರೆ ಒಂದೇ ಕೆಲಸ ಮಾಡು. ಇದನ್ನು ಕೇಳುವಾಗ ನಿನ್ನ ಹೊಟ್ಟೆಯನ್ನು ನನ್ನ ಸೇಡಿಗೂ ಬಳಸಿಕೊಳ್ಳುತ್ತಿದ್ದೇನೆ ಅಂತ ಗೊತ್ತು, ಮುಚ್ಚಿಡುವುದಿಲ್ಲ. ದಿನಾ ಹೊತ್ತಿಗೆ ಸರಿಯಾಗಿ ಹೋಗು. ಹೇಳಿದ್ದೆಲ್ಲ ಮಾಡು. ಗೊರಸು, ಕುತ್ತಿಗೆ, ಕೂದಲು, ಒಂದೂ ಬಿಡದೆ ಚೆಂದ ಬರೆ. ಕುರ್ಚಿಯನ್ನು ಮಾತ್ರ ಒಂದು ಗೇಣು ಹಿಂದಕ್ಕೆ ಎಳೆದುಕೊಂಡು ಕೂರು. ಕೈ ಚಾಚಿದರೆ ಎಟಕುತ್ತದೆ, ನಾನು ಅಡುಗೆಮನೆ ಮೇಜಿನಲ್ಲಿ ರವೆ ಹರವಿ ಕೂತು ನೋಡಿದ್ದೇನೆ. ನಾಲ್ಕು ನಿಮಿಷ, ಐದು ಸಾವಿರದ ಏಳುನೂರ ಅರವತ್ತು ಚಿತ್ರ. ಒಂದರಲ್ಲೂ ಒಂದು ಕಾಳೂ ಅಲುಗಬಾರದು. ಜೋಸಿಯಾನ್ ಕ್ಯಾಮೆರಾ ಹಿಂದೆ ನಿಂತು ಎಲ್ಲ ನೋಡುತ್ತಿರುತ್ತಾಳೆ. ಅವಳು ಏನೂ ಹೇಳುವುದಿಲ್ಲ.

ನೋಲ್ವೆನ್ ಲೆ ತಾಲೆಕ್